ಮಳೆಗಾಲಕ್ಕೆ ಮೀನು: ಬಿಸಿಲಿಗೋ, ಉಪ್ಪಿಗೋ, ಹೊಗೆಗೋ?

ಜೂನ್ 1ರಿಂದ ಜುಲೈ 31ರವರೆಗೆ, ಒಟ್ಟು 61 ದಿನ, ಕರ್ನಾಟಕದ ಕರಾವಳಿಯಲ್ಲಿ ಯಾಂತ್ರಿಕ ದೋಣಿಗಳು ಕಡಲಿಗೆ ಇಳಿಯುವಂತಿಲ್ಲ. ಈ ನಿಯಮ ಬರುವ ಮುಂಚೆ ಕಡಲೇ ಆ ಅಪ್ಪಣೆ ಕೊಡುತ್ತಿತ್ತು. ಆಷಾಢದ ಅಬ್ಬರಕ್ಕೆ ದೋಣಿಯನ್ನು ದಡಕ್ಕೆಳೆದು ಮಡಲು ಹೊದಿಸಿಟ್ಟ ಮೇಲೆ ಮನೆಯೊಳಗೆ ಏನಿದೆಯೋ ಅದರಲ್ಲೇ ಊಟ. ಮಾಡಿಗೆ ಕಟ್ಟಿ ತೂಗುಹಾಕಿದ ಸೌತೆಕಾಯಿ, ಕೆಮ್ಮಣ್ಣು ಮೆತ್ತಿಟ್ಟ ಹಲಸಿನ ಬೀಜ, ಉಪ್ಪುನೀರಿನ ಭರಣಿಯಲ್ಲಿ ಹಲಸಿನ ಸೊಳೆ ಮತ್ತು ಮಾವಿನಕಾಯಿ, ಕಣಜದಲ್ಲಿ ಕುಚ್ಚಲಕ್ಕಿ, ಇವುಗಳ ಜತೆಗೆ ಒಣಮೀನು. ಅಕ್ಕಿಯೂ ಎಷ್ಟೋ ಮನೆಗಳಿಗೆ ಬರುತ್ತಿದ್ದದ್ದು ಮೀನಿನಿಂದಲೇ. ಬುಟ್ಟಿ ಹೊತ್ತು ಒಳನಾಡಿಗೆ ಹೋದ ಹೆಂಗಸರು ಒಣಮೀನು ಕೊಟ್ಟು ಭತ್ತ ತರುತ್ತಿದ್ದರು.

ಈಗ ಮತ್ತೆ ಹಲವರು ಮನೆಯಲ್ಲೇ ಮೀನು ಕಟ್ಟಿಡುವ ಆಸೆಯಿಂದ ಕೇಳುತ್ತಾರೆ: ಯಾವ ವಿಧಾನ ಒಳ್ಳೆಯದು? ಮೀನು ನೋಡದೆ ಈ ಪ್ರಶ್ನೆಗೆ ಉತ್ತರವಿಲ್ಲ. ತೆಳ್ಳನೆಯ ಸಣ್ಣ ಮೀನಾದ ಕೊಲ್ಲತರುವಿಗೆ ಒಪ್ಪುವ ದಾರಿ ಎಣ್ಣೆಮೀನಾದ ಬೂತಾಯಿಯನ್ನು ಕೆಡಿಸುತ್ತದೆ. ದಪ್ಪ ಮಾಂಸದ ತೊರಕೆಗೆ ಬೇಕಾದಷ್ಟು ಉಪ್ಪು ಹಾಕಿದರೆ ಸಿಗಡಿ ಬಾಯಿಗಿಡಲಾಗದು. ಕರಾವಳಿಯ ಹಿರಿಯ ಹೆಂಗಸರು ಬುಟ್ಟಿಯೊಳಗೆ ಕೈಹಾಕಿ ಮೀನು ಮುಟ್ಟಿದ ಮೇಲೆಯೇ ಇದು ಬಿಸಿಲಿಗೆ, ಇದು ಭರಣಿಗೆ ಎಂದು ಬೇರೆ ಮಾಡುವುದು. ಆ ಕೈ ಏನನ್ನು ನೋಡುತ್ತದೆ ಎಂಬುದನ್ನು ತಿಳಿದುಕೊಂಡರೆ ಅರ್ಧ ಕೆಲಸ ಮುಗಿದಂತೆ.

ಕೊಬ್ಬು, ದಪ್ಪ, ತಾಜಾತನ

ಮೊದಲು ನೋಡಬೇಕಾದ್ದು ಕೊಬ್ಬು. ಮಳೆಗಾಲ ಕಳೆದ ತಿಂಗಳುಗಳಲ್ಲಿ ಸಿಗುವ ಬೂತಾಯಿ (ಉತ್ತರ ಕನ್ನಡದಲ್ಲಿ ತಾರ್ಲೆ) ಎಣ್ಣೆ ತುಂಬಿಕೊಂಡಿರುತ್ತದೆ. ಸಾರಿಗೆ ಅದಕ್ಕಿಂತ ರುಚಿಯಾದ ಮೀನಿಲ್ಲ. ಆದರೆ ಅದೇ ಎಣ್ಣೆಗೆ ಗಾಳಿ, ಬಿಸಿಲು ತಾಗಿದರೆ ಮೀನು ಹಳದಿಯಾಗಿ ಕಮಟು ವಾಸನೆ ಹಿಡಿಯುತ್ತದೆ. ಆದ್ದರಿಂದ ಕೊಬ್ಬಿನ ಮೀನನ್ನು ಗಾಳಿಯಿಂದ ಮರೆಮಾಡಬೇಕು, ಅಂದರೆ ಉಪ್ಪುನೀರಿನಲ್ಲಿ ಮುಳುಗಿಸಿಡಬೇಕು. ಕೊಬ್ಬು ಕಡಿಮೆಯಿರುವ ಕೊಲ್ಲತರು, ಸಣ್ಣ ಸಿಗಡಿ, ಪಾಂಬೋಳು, ನಂಗುಗಳನ್ನು ಧೈರ್ಯವಾಗಿ ಬಿಸಿಲಿಗೆ ಬಿಡಬಹುದು.

ಎರಡನೆಯದು ದಪ್ಪ. ಬೆರಳಿಗಿಂತ ತೆಳ್ಳಗಿನ ಮೀನು ಒಳಗೂ ಹೊರಗೂ ಒಂದೇ ವೇಗದಲ್ಲಿ ಒಣಗುತ್ತದೆ. ಅಂಜಲ್, ತಾಟೆ (ಶಾರ್ಕ್), ತೊರಕೆಯಂಥವುಗಳ ಒಳಮಾಂಸಕ್ಕೆ ಬಿಸಿಲು ತಲುಪುವಷ್ಟರಲ್ಲಿ ಅದು ಕೊಳೆತಿರುತ್ತದೆ. ಅವನ್ನು ಸೀಳಿ, ಗೀರು ಹಾಕಿ, ಮೊದಲು ಉಪ್ಪಿನ ಕೈಗೆ ಕೊಡಬೇಕು.

ಮೂರನೆಯದು ತಾಜಾತನ, ಇದರಲ್ಲಿ ರಾಜಿ ಇಲ್ಲ. ಹೇಗೂ ಒಣಗಿಸುವುದಲ್ಲವೇ ಎಂದು ಮೆತ್ತಗಾದ ಮೀನನ್ನು ಅಗ್ಗಕ್ಕೆ ತರುವವರಿದ್ದಾರೆ. ಬಂಗುಡೆ, ಬೂತಾಯಿ, ಕೇದರದಂಥ (ಟ್ಯೂನಾ) ಮೀನು ಬಿಸಿಯಲ್ಲಿ ಬಿದ್ದಿದ್ದರೆ ಅದರೊಳಗೆ ಹಿಸ್ಟಮೀನ್ ಎಂಬ ವಸ್ತು ಕೂಡಿಕೊಳ್ಳುತ್ತದೆ. ತಿಂದವರ ಮುಖ ಕೆಂಪಾಗಿ, ಮೈ ತುರಿಸಿ, ತಲೆ ಸಿಡಿಯುತ್ತದೆ. ಒಮ್ಮೆ ಹುಟ್ಟಿದ ಹಿಸ್ಟಮೀನ್ ಉಪ್ಪಿಗೂ ಹೋಗದು, ಕುದಿಸಿದರೂ ಹೋಗದು. ಇವತ್ತು ಸಾರು ಮಾಡಲು ಯಾವ ಮೀನನ್ನು ಆರಿಸುತ್ತೀರೋ ಅದನ್ನೇ ಒಣಗಿಸಲೂ ಆರಿಸಿ.

ಬರೀ ಬಿಸಿಲು

ಅತಿ ಸರಳ, ಅತಿ ಅಗ್ಗ. ರಕ್ತದೊತ್ತಡದಿಂದ ಉಪ್ಪು ಬಿಡಬೇಕಾದವರಿಗೆ ಒಣಮೀನಿನಲ್ಲಿ ಉಳಿದಿರುವ ಒಳ್ಳೆಯ ದಾರಿಯೂ ಇದೇ. ಕೊಲ್ಲತರು ಮತ್ತು ಸಿಗಡಿಗೆ ನಾನು ಬೇರೇನನ್ನೂ ಹೇಳುವುದಿಲ್ಲ. ಒಳ್ಳೆಯ ಬಿಸಿಲಿದ್ದರೆ ಎರಡು ಮೂರು ದಿನ ಸಾಕು. ಹಿಡಿಯಲ್ಲಿ ಅಲುಗಿಸಿದರೆ ಗಲಗಲ ಸದ್ದಾಗಬೇಕು, ಬಾಗಿಸಿದರೆ ಲಟಕ್ಕನೆ ಮುರಿಯಬೇಕು. ಸುಮಾರು ನಾಲ್ಕು ಕೆಜಿ ಹಸಿ ಮೀನಿಗೆ ಒಂದು ಕೆಜಿ ಒಣಮೀನು ಸಿಗುತ್ತದೆ ಎಂದು ಲೆಕ್ಕ ಇಟ್ಟುಕೊಳ್ಳಿ.

ಎಲ್ಲಿ ಹರಡುತ್ತೀರಿ ಎಂಬುದರ ಮೇಲೆ ಗುಣ ನಿಂತಿದೆ. ಮರಳಿನ ಮೇಲೆಯೇ ಹರಡಿದ ಮೀನಿನಲ್ಲಿ ಎಷ್ಟು ತೊಳೆದರೂ ಹಲ್ಲಿಗೆ ಮರಳು ಸಿಗುತ್ತದೆ. ಮಡಲಿನ ತಟ್ಟಿ, ಹಳೆಯ ಬಲೆ, ಬಿದಿರ ಚಪ್ಪರ ಯಾವುದಾದರೂ ಸರಿ, ನೆಲದಿಂದ ಸೊಂಟದೆತ್ತರಕ್ಕೆ ಕಟ್ಟಿ. ಕೆಳಗಿನಿಂದಲೂ ಗಾಳಿ ಆಡಿದರೆ ಬೇಗ ಒಣಗುತ್ತದೆ, ನೊಣ ಕೂರುವುದೂ ಕಡಿಮೆ. ಮೇಲೊಂದು ತೆಳ್ಳನೆಯ ಬಲೆ ಮುಚ್ಚಿದರೆ ಕಾಗೆಯ ಕಾಟ ತಪ್ಪುತ್ತದೆ. ಸಂಜೆ ಇಬ್ಬನಿ ಬೀಳುವ ಮುಂಚೆ ಒಳಗೆ ತರಬೇಕು. ಶರಾವತಿ ಕಡಲು ಸೇರುವ ಹೊನ್ನಾವರದ ಕಾಸರಕೋಡು ಟೊಂಕದ ಮರಳುದಿಣ್ಣೆಯ ಮೇಲೆ ಒಣಮೀನಿನ ಕೆಲಸವನ್ನೇ ಬದುಕಾಗಿಸಿಕೊಂಡ ಹೆಂಗಸರಿದ್ದಾರೆ. ಹರಡುವುದು, ಮಗುಚುವುದು, ಒಟ್ಟುವುದು, ಮಳೆ ಮೋಡ ಕಂಡರೆ ಓಡುವುದು: ಆ ದುಡಿಮೆಯನ್ನು ಕಣ್ಣಾರೆ ಕಂಡವರು ಒಣಮೀನಿನ ಬೆಲೆ ಚೌಕಾಸಿ ಮಾಡಲಾರರು.

ಈ ದಾರಿಯ ಸೋಲು ಹವೆಯಲ್ಲಿದೆ. ಮೇ ನಡುವಿನ ನಂತರ ಮುಂಗಾರುಪೂರ್ವ ಮಳೆ ಯಾವ ಸಂಜೆಯಾದರೂ ಬರಬಹುದು. ಫೆಬ್ರವರಿಯಿಂದ ಏಪ್ರಿಲ್ ಮುಗಿಯುವುದರೊಳಗೆ ಒಣಗಿಸಿಬಿಡಿ.

ಉಪ್ಪು ಹಾಕಿ ಒಣಗಿಸುವುದು

ಬಂಗುಡೆ, ತಾಟೆ, ತೊರಕೆ, ಅಂಜಲ್, ಅಡೆಮೀನು ಇವೆಲ್ಲ ಈ ದಾರಿಗೆ. ನಾಲ್ಕು ಕೆಜಿ ಮೀನಿಗೆ ಒಂದು ಕೆಜಿ ಕಲ್ಲುಪ್ಪು. ದಪ್ಪ ತುಂಡುಗಳಿದ್ದರೆ ಮೂರಕ್ಕೆ ಒಂದು. ಬಂಗುಡೆಯ ಕಿವಿರು, ಕರುಳು ತೆಗೆದು ಬೆನ್ನಿನಿಂದ ಸೀಳಿ ತೆರೆಯಬೇಕು. ಭರಣಿಯಲ್ಲಿ ಒಂದು ಪದರ ಉಪ್ಪು, ಒಂದು ಪದರ ಮೀನು, ಮತ್ತೆ ಉಪ್ಪು. ಮೇಲೆ ಹಲಗೆ, ಅದರ ಮೇಲೆ ಕಲ್ಲು. ಕೆಲವೇ ಗಂಟೆಗಳಲ್ಲಿ ಮೀನು ತನ್ನ ನೀರನ್ನು ಬಿಟ್ಟುಕೊಟ್ಟು ಆ ನೀರಲ್ಲೇ ಮುಳುಗುತ್ತದೆ. ಒಂದೆರಡು ದಿನ ಬಿಟ್ಟು ತೆಗೆದು, ಮೇಲಿನ ಉಪ್ಪನ್ನು ಅದೇ ಉಪ್ಪುನೀರಲ್ಲಿ ಜಾಲಾಡಿ ಬಿಸಿಲಿಗೆ ಹಾಕಿ.

ಮೊದಲ ದಿನ ನಡುಮಧ್ಯಾಹ್ನದ ಉರಿಬಿಸಿಲಿಗೆ ನೇರ ಒಡ್ಡಬೇಡಿ. ಹೊರಮೈ ಬೇಗ ಗಟ್ಟಿಯಾಗಿ ಒಳಗಿನ ನೀರು ಹೊರಬರಲು ದಾರಿಯೇ ಇಲ್ಲದಾಗುತ್ತದೆ. ನೋಡಲು ಒಣಗಿದಂತಿರುವ ಮೀನು ಹದಿನೈದು ದಿನಕ್ಕೆ ಮುಳ್ಳಿನ ಸುತ್ತ ನಾರತೊಡಗುತ್ತದೆ. ಬೆಳಗಿನ ಬಿಸಿಲು, ಮಧ್ಯಾಹ್ನ ನೆರಳಿನ ಗಾಳಿ, ಮತ್ತೆ ಇಳಿಬಿಸಿಲು. ಹೀಗೆ ಒಂದು ದಿನ ಕಳೆದ ಮೇಲೆ ಪೂರ್ತಿ ಬಿಸಿಲು ಕೊಡಬಹುದು.

ಉಪ್ಪಿನ ಬಗ್ಗೆ ಸ್ವಲ್ಪ ವಿಸ್ತಾರವಾಗಿಯೇ ಹೇಳಬೇಕು, ಏಕೆಂದರೆ ಎಷ್ಟೋ ಮನೆಗಳಲ್ಲಿ ಮೀನು ಕೆಡುವುದು ಇಲ್ಲೇ. ಪ್ಯಾಕೆಟಿನ ಪುಡಿಯುಪ್ಪು ಮೀನಿನ ಮೇಲ್ಮೈಯ ನೀರನ್ನು ಒಮ್ಮೆಗೇ ಎಳೆದು ಮಾಂಸವನ್ನು ಬಿಗಿಮಾಡುತ್ತದೆ, ಆಮೇಲೆ ಉಪ್ಪು ಒಳಗಿಳಿಯುವುದಿಲ್ಲ. ಹರಳುಪ್ಪು ನಿಧಾನವಾಗಿ ಕರಗಿ ನಿಧಾನವಾಗಿ ಒಳಸೇರುತ್ತದೆ. ಗೋಕರ್ಣದ ಹತ್ತಿರ ಅಘನಾಶಿನಿಯ ಅಳಿವೆಯಲ್ಲಿರುವ ಸಾಣಿಕಟ್ಟೆಯ ಗದ್ದೆಗಳ ಉಪ್ಪು ಉತ್ತರ ಕನ್ನಡದ ಒಣಮೀನಿಗೂ ಉಪ್ಪಿನಕಾಯಿಗೂ ಹಳೆಯ ನಂಟು. ಯಾವ ಊರಿನದಾದರೂ ಕಳೆದ ವರ್ಷದ ರಾಶಿಯ ಉಪ್ಪು ಸಿಕ್ಕರೆ ಅದನ್ನೇ ಕೊಳ್ಳಿ. ಹೊಸ ಉಪ್ಪಿನಲ್ಲಿರುವ ಕಹಿಯಾದ ಮೆಗ್ನೀಸಿಯಂ ಲವಣ ಗಾಳಿಯ ತೇವವನ್ನು ಹೀರುತ್ತದೆ. ರಾಶಿ ಹಾಕಿ ಬಿಟ್ಟಷ್ಟು ಕಾಲ ಅದು ತೊಟ್ಟಿಕ್ಕಿ ಹೋಗಿ ಉಪ್ಪು ಶುದ್ಧವಾಗುತ್ತದೆ.

ಬಡವರ ಒಣಮೀನಿನ ಗುಣವನ್ನು ಬಹಳ ಕಾಲ ತೀರ್ಮಾನಿಸಿದ್ದು ಉಪ್ಪಿನ ಬೆಲೆಯೇ. ಬ್ರಿಟಿಷರ ಉಪ್ಪಿನ ತೆರಿಗೆಯ ಕಾಲದಲ್ಲಿ ದಕ್ಷಿಣ ಕನ್ನಡ ಸೇರಿದ್ದ ಮದ್ರಾಸ್ ಪ್ರಾಂತ್ಯದ ಕಡಲತಡಿಯಲ್ಲಿ ಸರ್ಕಾರಿ ಉಪ್ಪುಮೀನಿನ ಕಟ್ಟೆಗಳಿದ್ದವು. ಅಲ್ಲಿಗೇ ಮೀನು ತಂದು ಉಪ್ಪು ಹಾಕಿದರೆ ಮಾತ್ರ ರಿಯಾಯಿತಿ ಉಪ್ಪು. ಕಟ್ಟೆ ದೂರವಿದ್ದವರು ಕಡಿಮೆ ಉಪ್ಪಲ್ಲೋ, ಉಪ್ಪೇ ಇಲ್ಲದೆಯೋ ಮರಳ ಮೇಲೆ ಒಣಗಿಸಬೇಕಾಗುತ್ತಿತ್ತು. 1930ರಲ್ಲಿ ಅಂಕೋಲೆಯ ಕಡಲತೀರದಲ್ಲಿ ಉಪ್ಪಿನ ಸತ್ಯಾಗ್ರಹ ಅಷ್ಟು ಬಲವಾಗಿ ನಡೆದದ್ದನ್ನು ಓದುವಾಗ, ಆ ತೀರದ ಮೀನಿನ ಭರಣಿಗಳೂ ನನಗೆ ನೆನಪಾಗುತ್ತವೆ.

ತಾಟೆ, ತೊರಕೆಗಳ ಬಗ್ಗೆ ಒಂದು ಮಾತು. ಇವುಗಳ ಮಾಂಸದಲ್ಲಿ ಯೂರಿಯಾ ಇರುವುದರಿಂದ ಸ್ವಲ್ಪ ತಡವಾದರೂ ಮೂಗಿಗೆ ಅಡರುವ ಅಮೋನಿಯಾ ವಾಸನೆ ಏಳುತ್ತದೆ. ಉಪ್ಪಿನಲ್ಲಿ ಬಿಟ್ಟ ನೀರಿನ ಜತೆ ಇದರ ಹೆಚ್ಚಿನ ಪಾಲು ಹೊರಟುಹೋಗುತ್ತದೆ. ಹಸಿಯಲ್ಲಿ ಮೂಗು ಮುರಿಯುವವರೂ ಒಣತೊರಕೆಯನ್ನು ಕೇಳಿ ತಿನ್ನುವುದು ಅದಕ್ಕೇ. ಶಾರ್ಕ್ ಮತ್ತು ತೊರಕೆಯ ಕೆಲವು ಜಾತಿಗಳು ಈಗ ವನ್ಯಜೀವಿ ಕಾನೂನಿನ ರಕ್ಷಣೆಯಲ್ಲಿವೆ. ಕೊಳ್ಳುವಾಗ ಗುರುತು ತಿಳಿದವರನ್ನು ಕೇಳಿ.

ಉಪ್ಪುನೀರು ಮತ್ತು ಉಪ್ಪಾಗೆ

ನನ್ನ ಪ್ರಕಾರ ನಮ್ಮ ಕರಾವಳಿಯವರು ಕಂಡುಕೊಂಡ ಅತ್ಯಂತ ಜಾಣ ದಾರಿ ಇದು. ಇವತ್ತು ಇದನ್ನು ಬಲ್ಲವರು ಕಡಿಮೆ ಎಂಬುದು ಬೇಸರದ ಸಂಗತಿ. ರಂಪಣಿ ಬಲೆಯ ಕಾಲದಲ್ಲಿ ಇಡೀ ಊರು ಸೇರಿ ಎಳೆದ ಒಂದೇ ಬಲೆಗೆ ರಾಶಿರಾಶಿ ಬಂಗುಡೆ ಬೀಳುತ್ತಿತ್ತು. ಅಷ್ಟನ್ನು ಸೀಳಿ ಬಿಸಿಲಿಗೆ ಹರಡಲು ಕೈಗಳೂ ಸಾಲವು, ಜಾಗವೂ ಸಾಲದು. ಆಗ ಕಿವಿರು, ಕರುಳು ತೆಗೆದು ಮೂರಕ್ಕೆ ಒಂದರಂತೆ ಉಪ್ಪು ಬೆರೆಸಿ ತೊಟ್ಟಿಗೆ ತುಂಬುತ್ತಿದ್ದರು. ಜತೆಗೆ ಉಪ್ಪಾಗೆ ಎಂಬ ಹುಳಿಹಣ್ಣಿನ ಒಣಗಿಸಿದ ಸಿಪ್ಪೆ ಹಾಕುತ್ತಿದ್ದರು. ಆಮೇಲೆ ಮರದ ಪೀಪಾಯಿಗೆ ಒತ್ತಾಗಿ ಜೋಡಿಸಿ, ಇನ್ನು ಉಪ್ಪು ಕರಗದು ಎನ್ನುವಷ್ಟು ಗಾಢವಾದ ಉಪ್ಪುನೀರು ತುಂಬಿ ಮುಚ್ಚುತ್ತಿದ್ದರು. ಹೀಗೆ ಕಟ್ಟಿದ ಬಂಗುಡೆ ಸಿಲೋನಿಗೆ ಹೋಗುತ್ತಿತ್ತು, ಅದಕ್ಕಾಗಿ ಈ ವಿಧಾನಕ್ಕೆ ಕೊಲಂಬೊ ಹೆಸರೇ ಅಂಟಿಕೊಂಡಿತು. 1970ರ ದಶಕದಲ್ಲಿ ಯಾಂತ್ರಿಕ ದೋಣಿಗಳ ಪರ್ಸೀನ್ ಬಲೆಗಳು ಬಂದವು, ರಂಪಣಿ ಹಿಂದೆ ಸರಿಯಿತು, ಪೀಪಾಯಿಗಳೂ ಕಣ್ಮರೆಯಾದವು.

ಮಲೆನಾಡಿನ ಕಾಡಿನ ಉಪ್ಪಾಗೆ ಇಲ್ಲಿ ಮಾಡುವ ಕೆಲಸ ದೊಡ್ಡದು. ಕೊಡಗಿನ ಕಾಚಂಪುಳಿಯೂ ಇದೇ ಬಳಗದ ಹಣ್ಣಿನ ಹುಳಿ. ಆ ಹುಳಿ ಉಪ್ಪಿನ ಜತೆ ಸೇರಿ ಕೊಳೆಯುವಿಕೆಯನ್ನು ತಡೆಯುತ್ತದೆ, ಮಾಂಸವನ್ನು ಗಟ್ಟಿಯಾಗಿಡುತ್ತದೆ. ಕೊಬ್ಬಿದ್ದ ಮೀನಿಗೆ ಗಾಳಿ ತಾಗುವುದಿಲ್ಲವಾದ್ದರಿಂದ ಕಮಟು ಬರುವುದು ಬಹಳ ನಿಧಾನ.

ಮನೆಯಲ್ಲಿ ಐದಾರು ಕೆಜಿ ಬಂಗುಡೆಗೆ ಪಿಂಗಾಣಿ ಭರಣಿ ಸಾಕು. ಮೀನು ಸದಾ ನೀರಿನಡಿಯಲ್ಲೇ ಇರಬೇಕು, ಅಷ್ಟೇ ನಿಯಮ. ತಳದಲ್ಲಿ ಕರಗದ ಉಪ್ಪಿನ ಹರಳು ಕಾಣುತ್ತಿರುವವರೆಗೆ ನೀರು ಗಾಢವಾಗಿದೆ ಎಂದರ್ಥ. ಕಾಣದಿದ್ದರೆ ಉಪ್ಪು ಸೇರಿಸಿ. ಒದ್ದೆ ಕೈ, ಒದ್ದೆ ಸೌಟು ಭರಣಿಗೆ ಬೇಡ. ಮಳೆಗಾಲದಲ್ಲಿ ಈ ವಿಧಾನಕ್ಕೆ ಇನ್ನೊಂದು ಗೆಲುವಿದೆ. ಗಾಳಿಯ ತೇವಾಂಶ ಶೇ. 75 ದಾಟಿದರೆ ಉಪ್ಪು ತಾನೇ ನೀರೊಡೆಯತೊಡಗುತ್ತದೆ. ಜುಲೈಯಲ್ಲಿ ನಮ್ಮ ಕರಾವಳಿಯ ಗಾಳಿ ಅದಕ್ಕಿಂತ ಕೆಳಗಿಳಿಯುವುದು ಅಪರೂಪ. ಒಣಗಿಸಿದ ಉಪ್ಪುಮೀನು ಆಗ ಬೆವರುತ್ತದೆ, ಭರಣಿಯ ಮೀನಿಗೆ ಮಳೆಯ ಗೊಡವೆಯೇ ಇಲ್ಲ.

ಹೊಗೆ

ಹೊಗೆಯ ದಾರಿಯಲ್ಲಿ ಅತಿ ದೂರ ನಡೆದವರು ಲಕ್ಷದ್ವೀಪದವರು. ಮಂಗಳೂರಿಗೆ ಇವರು ಹೊಸಬರಲ್ಲ. ಅಮಿನಿ, ಕದ್ಮತ್, ಕಿಲ್ತಾನ್ ಮುಂತಾದ ಅಮಿನ್‌ದೀವಿ ದ್ವೀಪಗಳು 1956ರವರೆಗೆ ದಕ್ಷಿಣ ಕನ್ನಡ ಜಿಲ್ಲೆಗೇ ಸೇರಿದ್ದವು. ಹಾಯಿಹಡಗುಗಳು ಕೊಬ್ಬರಿ, ಕತ್ತದ ಹಗ್ಗ ತಂದು ಮಂಗಳೂರು ಬಂದರಿನಿಂದ ಅಕ್ಕಿ ಒಯ್ಯುತ್ತಿದ್ದವು. ತೆಂಗು ಮತ್ತು ಮೀನು ಬಿಟ್ಟರೆ ಹೆಚ್ಚೇನೂ ಇಲ್ಲದ ಲಕ್ಷದ್ವೀಪದಲ್ಲಿ, ಮುಖ್ಯವಾಗಿ ಮಿನಿಕಾಯ್‌ನಲ್ಲಿ, ಗಾಳದಿಂದ ಹಿಡಿದ ಕೇದರ ಜಾತಿಯ ಮೀನನ್ನು ಉದ್ದುದ್ದ ಸೀಳಿ, ಕಡಲನೀರಿನಲ್ಲಿ ಬೇಯಿಸಿ, ತೆಂಗಿನ ಸಿಪ್ಪೆಯ ಹೊಗೆ ಕೊಟ್ಟು, ಕೊನೆಗೆ ಹಲವು ದಿನ ಬಿಸಿಲಿಗಿಡುತ್ತಾರೆ. ಇದೇ ಮಾಸ್. ಒಣಗಿ ಮುಗಿದಾಗ ಮರದ ತುಂಡಿನಂತಿರುತ್ತದೆ. ತುರಿದೋ ಕುಟ್ಟಿಯೋ ತೆಂಗಿನಕಾಯಿ ಜತೆ ತಿನ್ನಬೇಕು. ಕೆಂಪು ಮಾಂಸದ ಈ ಮೀನನ್ನು ಹಸಿಯಾಗಿ ಒಣಗಿಸಲು ಹೋದರೆ ಬಿಸಿಯಲ್ಲಿ ಬೇಗ ಕೆಟ್ಟುಹೋಗುತ್ತದೆ. ಮೊದಲು ಬೇಯಿಸುವುದರಿಂದ ಕೊಳೆಯುವ ಕ್ರಿಯೆ ಅಲ್ಲೇ ನಿಲ್ಲುತ್ತದೆ, ಹೊಗೆ ಕಮಟನ್ನು ದೂರವಿಡುತ್ತದೆ.

ನಮ್ಮ ಮನೆಗಳಿಗೆ ಮಾಸ್ ದೊಡ್ಡ ಕೆಲಸ. ಮಲೆನಾಡಿನ ಒಲೆಯ ಮೇಲಿನ ಅಟ್ಟ ಹತ್ತಿರದ ದಾರಿ. ಮೊದಲ ಮಳೆಗೆ ಹಳ್ಳಗಳಲ್ಲಿ ಏರಿಬರುವ ಹತ್ತುಮೀನನ್ನು ಬಿಸಿಲಿಗಿಡೋಣವೆಂದರೆ ಬಿಸಿಲೇ ಇಲ್ಲ. ಕರುಳು ತೆಗೆದು ಉಪ್ಪು, ಅರಿಸಿನ ಸವರಿ ಅಟ್ಟಕ್ಕೆ ಹಾಕಿದರೆ ದಿನವಿಡೀ ಏಳುವ ಹೊಗೆ ಮತ್ತು ಶಾಖಕ್ಕೆ ಒಣಗುತ್ತದೆ. ಪೂರ್ತಿ ಗಟ್ಟಿಯಾಗದೆ ಮೆತ್ತಗಿದ್ದರೆ ಅದು ಕೆಲವು ದಿನಗಳ ಮೀನು ಎಂದೇ ತಿಳಿದು ಬೇಗ ಮುಗಿಸಿ. ಗ್ಯಾಸ್ ಒಲೆಯ ಮನೆಯವರು ಈ ದಾರಿಯನ್ನು ಬಿಡುವುದೇ ಲೇಸು.

ವಿನೆಗರಿನ ದಾರಿಯೂ ಇದೆ. ಗೋವಾದ ಪಾರಾದಂತೆ ಉಪ್ಪು ಹಾಕಿ ಒಣಗಿಸಿದ ಮೀನನ್ನು ಮೆಣಸು, ಶುಂಠಿ, ಬೆಳ್ಳುಳ್ಳಿ ಅರೆದ ಶೇಂದಿ ವಿನೆಗರಿನಲ್ಲಿ ಹಾಕಿಡುವುದು. ತಿನ್ನಲು ಚೆನ್ನ, ಹೊಟ್ಟೆ ತುಂಬಲು ಅಲ್ಲ. ಮೀನಿನ ಉಪ್ಪಿನಕಾಯಿ ಮಾಡುವವರಿಗೆ ಒಂದು ಎಚ್ಚರಿಕೆ: ಮೇಲೆ ಎಣ್ಣೆ ನಿಂತರೆ ಸಾಲದು. ಎಣ್ಣೆಯಡಿಯಲ್ಲಿ ಗಾಳಿ ಇಲ್ಲದೆಡೆ ಬೆಳೆದು ವಿಷ ಬಿಡುವ ಬ್ಯಾಕ್ಟೀರಿಯಾಗಳಿವೆ, ಅವನ್ನು ತಡೆಯುವುದು ಹುಳಿ. ವಿನೆಗರಿಗೆ ಜಿಪುಣತನ ಮಾಡಬೇಡಿ.

ಒಲೆಯ ಮುಂದೆ

ಕಟ್ಟಿಟ್ಟ ರೀತಿಯೇ ಅಡುಗೆಯನ್ನೂ ಹೇಳುತ್ತದೆ. ಬರೀ ಬಿಸಿಲಿನ ಕೊಲ್ಲತರು, ಸಿಗಡಿಗೆ ನೆನೆಹಾಕುವ ಕೆಲಸವಿಲ್ಲ. ತಲೆ, ಬಾಲ ಮುರಿದು ಕಾವಲಿಯ ಮೇಲೆ ಎಣ್ಣೆಯಿಲ್ಲದೆ ಹುರಿಯಿರಿ. ಬ್ಯಾಡಗಿ ಮೆಣಸು, ಹುಣಸೆ, ತೆಂಗಿನತುರಿಯನ್ನು ತರಿತರಿಯಾಗಿ ಅರೆದು, ಕೊನೆಗೆ ಹುರಿದ ಸಿಗಡಿ, ಹೆಚ್ಚಿದ ಈರುಳ್ಳಿ ಸೇರಿಸಿ ಒಂದು ಸುತ್ತು ತಿರುಗಿಸಿದರೆ ಚಟ್ನಿ. ಬಿಸಿ ಗಂಜಿಗೆ ಇದರ ಮುಂದೆ ಬೇರೆ ಏನನ್ನೂ ನಾನು ಇಡಲಾರೆ.

ಉಪ್ಪುಹಾಕಿ ಒಣಗಿಸಿದ ಬಂಗುಡೆಗೆ ಎರಡು ದಾರಿ. ಕೆಂಡದ ಮೇಲೆ ಸುಟ್ಟು, ಮುಳ್ಳು ಬಿಡಿಸಿ, ಈರುಳ್ಳಿ, ಹಸಿಮೆಣಸು, ತೆಂಗಿನೆಣ್ಣೆಯಲ್ಲಿ ಕಲಸುವುದು ಒಂದು. ಸಾರು ಇನ್ನೊಂದು. ಸಾರಿಗಾದರೆ ಅಕ್ಕಚ್ಚಿನಲ್ಲಿ ಅರ್ಧ ಗಂಟೆ ನೆನೆಸಿ, ನೀರು ಬದಲಿಸಿ. ದಪ್ಪ ತೊರಕೆಗೆ ಎರಡು ಮೂರು ಗಂಟೆ ಬೇಕು. ಪಾತ್ರೆಗೆ ಉಪ್ಪನ್ನು ಕೊನೆಯಲ್ಲಿ ರುಚಿ ನೋಡಿ ಮಾತ್ರ ಹಾಕಿ. ಮಂಗಳೂರು ಸೌತೆ, ಹಲಸಿನ ಬೀಜ, ಬದನೆ, ಬಾಳೆಕಾಯಿ ಈ ಸಾರಿಗೆ ಸೇರುವುದು ಬರೀ ರುಚಿಗಲ್ಲ, ಅವು ಮೀನಿನ ಉಪ್ಪನ್ನು ಹೀರಿಕೊಂಡು ಒಂದು ತುಂಡು ಮೀನನ್ನು ನಾಲ್ಕು ಜನರ ಊಟವಾಗಿಸುತ್ತವೆ. ಭರಣಿಯ ಬಂಗುಡೆ ಈಗಾಗಲೇ ಹುಳಿ ಕುಡಿದಿರುತ್ತದೆ. ಅದಕ್ಕೆ ಹುಣಸೆ ಕಡಿಮೆ ಹಾಕಿ ತೆಂಗಿನಹಾಲು ಹೆಚ್ಚು ಹಾಕಿ.

ಹಸಿಮೀನಿನ ಅಡುಗೆಯಲ್ಲೂ ಕಾಪಿಡುವ ಜಾಣತನವಿದೆ. ತೆಂಗಿನಕಾಯಿ ಅರೆದ ಗಸಿ ಅವತ್ತಿಗೇ ಮುಗಿಯಬೇಕು. ತೆಂಗಿಲ್ಲದೆ ಮೆಣಸು, ಹುಳಿಯಲ್ಲಿ ಮಾಡಿದ ಪುಳಿಮುಂಚಿ, ಮಣ್ಣಿನ ಪಾತ್ರೆಯಲ್ಲಿ ಹೊತ್ತುಹೊತ್ತಿಗೆ ಕುದಿಸಿಟ್ಟರೆ, ಮಾರನೆಯ ದಿನಕ್ಕೂ ನಿಲ್ಲುತ್ತದೆ, ಮೊದಲ ದಿನಕ್ಕಿಂತ ಚೆನ್ನಾಗಿಯೂ ಇರುತ್ತದೆ. ಬೂತಾಯಿಗೆ ಘಾಟಿನ ಕಾಡುಮಸಾಲೆಯಾದ ಜುಮ್ಮನಕಾಯಿ ಒಂದೆರಡು ಜಜ್ಜಿ ಹಾಕಿದರೆ ಎಣ್ಣೆಯ ವಾಸನೆ ತಗ್ಗುತ್ತದೆ. ಐಸ್ ಇಲ್ಲದ ಕಾಲದಲ್ಲಿ ಬೆಳಗಿನ ಬಲೆಯ ಮೀನನ್ನು ಮರುದಿನದ ಗಂಜಿಯವರೆಗೆ ಒಯ್ದದ್ದು ಈ ಸಾರೇ.

ಕೊಳ್ಳುವುದಾದರೆ, ಇಡುವುದಾದರೆ

ಎಲ್ಲರಿಗೂ ಅಂಗಳವಿಲ್ಲ, ಬಿಸಿಲಿಲ್ಲ. ಮೇ ತಿಂಗಳಲ್ಲಿ ಅಂಕೋಲಾ, ಕುಮಟಾದಿಂದ ಮಲ್ಪೆ, ಮಂಗಳೂರಿನವರೆಗೆ ಒಣಮೀನು ಧಾರಾಳ. ಮೂಗು ಹತ್ತಿರ ಒಯ್ದು ನೋಡಿ: ಕಡಲ ವಾಸನೆ ಇರಬೇಕು, ಹಳೆ ಎಣ್ಣೆಯ ವಾಸನೆಯಲ್ಲ. ಹೊಟ್ಟೆಯ ಭಾಗ ಹಳದಿ, ಕಂದು ತಿರುಗಿದ್ದರೆ ಬೇಡ. ಮೈಮೇಲೆ ಗುಲಾಬಿ ಬಣ್ಣದ ಲೋಳೆ ಕಂಡರೆ ಉಪ್ಪಿನಲ್ಲೇ ಬದುಕುವ ಸೂಕ್ಷ್ಮಜೀವಿ ಹತ್ತಿದೆ ಎಂದರ್ಥ, ಅದನ್ನೂ ಬಿಟ್ಟುಬಿಡಿ. ಒಂದೇ ಒಂದು ನೊಣವೂ ಸುಳಿಯದ ರಾಶಿಯನ್ನು ಕಂಡರೆ ಔಷಧಿ ಹೊಡೆದಿದ್ದಾರೆಯೇ ಎಂದು ನೇರವಾಗಿ ಕೇಳುವುದರಲ್ಲಿ ತಪ್ಪಿಲ್ಲ.

ನಾಲ್ಕು ಜನರ ಮನೆಗೆ ಎರಡು ತಿಂಗಳ ಮಟ್ಟಿಗೆ ನಾನು ಆರಿಸುವುದು ಹೀಗೆ: ಒಂದು ಕೆಜಿ ಒಣ ಕೊಲ್ಲತರು, ಅರ್ಧ ಕೆಜಿ ಸಿಗಡಿ, ಎರಡು ಕೆಜಿ ಉಪ್ಪುಬಂಗುಡೆ, ಒಂದು ತೊರಕೆ ತುಂಡು, ಜತೆಗೆ ಒಂದು ಭರಣಿ ಉಪ್ಪುನೀರಿನ ಬಂಗುಡೆ. ಬೂತಾಯಿಯನ್ನು ಒಣಗಿಸುವುದೇ ಇಲ್ಲ, ತಾಜಾ ಸಿಕ್ಕ ದಿನ ತಿನ್ನುವುದು. ಒಣಗಿದ್ದನ್ನೆಲ್ಲ ಗಾಳಿಯಾಡದ ಡಬ್ಬಿಗಳಲ್ಲಿ ವಾರಕ್ಕೆ ಬೇಕಾದಷ್ಟೇ ಬೇರೆಬೇರೆಯಾಗಿ ತುಂಬಿಡಿ. ಒಂದೇ ದೊಡ್ಡ ಡಬ್ಬಿಯನ್ನು ದಿನಾ ತೆರೆದರೆ ಜುಲೈ ಹೊತ್ತಿಗೆ ಬೂಸ್ಟು ಖಚಿತ. ನಡುವೆ ಬಿಸಿಲು ಬಿದ್ದ ದಿನ ಹೊರಗೆ ಹರಡಿ, ಆರಿದ ಮೇಲೆ ತುಂಬಿ. ತೇವವನ್ನು ಬೇಗ ಹಿಡಿಯುವ ಸಣ್ಣಮೀನನ್ನು ಜೂನ್‌ನಲ್ಲೇ ಮುಗಿಸಿ, ಆಮೇಲೆ ಉಪ್ಪುಮೀನು, ಭರಣಿಯದು ಕೊನೆಗೆ. ಆಗಸ್ಟಿನಲ್ಲಿ ದೋಣಿಗಳು ಮತ್ತೆ ಇಳಿದ ಮೇಲೆ ಭರಣಿಯ ನೀರನ್ನು ಮುಂದಿನ ವರ್ಷಕ್ಕೆಂದು ಉಳಿಸಬೇಡಿ. ಚೆಲ್ಲಿ, ಭರಣಿಯನ್ನು ಬಿಸಿನೀರಲ್ಲಿ ತೊಳೆದು, ಒಣಗಿಸಿ ಎತ್ತಿಡಿ.